ಆರ್‌ಸಿಯಲ್ಲಿ ಇಲ್ಲದ ತೂಕ

ಫೋನು ಬಂದರೆ ತಾರಾನಾಥ ಮೊದಲು ಕೇಳುತ್ತಿದ್ದದ್ದು ಕಾರಿನ ಹೆಸರು, ಅದು ಯಾವ ವರ್ಷದ್ದು, ಪೆಟ್ರೋಲಾ ಡೀಸೆಲಾ ಎಂದು. ಎಲ್ಲಿ ಬಿದ್ದಿದೆ, ಹೇಗೆ ಬಿದ್ದಿದೆ ಎಂಬುದೆಲ್ಲ ಆಮೇಲೆ. ಗಾಬರಿಯಲ್ಲಿ ಫೋನು ಮಾಡಿದವರಿಗೆ ಇದು ಸಿಟ್ಟು ತರಿಸುತ್ತಿತ್ತು. ಹಿರಿಯಡ್ಕದಲ್ಲಿ ಅವನದೂ ಅವನ ಹೆಂಡತಿ ಕುಶಲಾಳದೂ ಒಂದು ಕ್ರೇನ್ ಗಾಡಿ ಇತ್ತು. ಉಡುಪಿಯಿಂದ ಕಾರ್ಕಳದವರೆಗೆ ಚರಂಡಿಗೆ, ತೋಡಿಗೆ, ಗದ್ದೆಗೆ ಇಳಿದ ಕಾರುಗಳನ್ನು ಎತ್ತಿ ಕೊಡುವುದು ಹದಿನಾಲ್ಕು ವರ್ಷಗಳಿಂದ ಇಬ್ಬರ ಕೆಲಸ. ಅವನು ಕ್ರೇನಿನ ಹಿಡಿಕೆ ಹಿಡಿದರೆ, ಅವಳು ಬೆಲ್ಟು ಕಟ್ಟಿ ಕೆಳಗೆ ನಿಂತು ಸನ್ನೆ ಮಾಡುತ್ತಿದ್ದಳು.

ಆರು ವರ್ಷದ ಹಿಂದೆ ಅವನು ಹೀಗೆಲ್ಲ ಕೇಳುತ್ತಿರಲಿಲ್ಲ. ಆಗ ಮಣಿಪಾಲದ ಇಳಿಜಾರಿನಲ್ಲಿ ಒಂದು ಮಾರ್ವೊ ಕಾರು ಕಾಂಪೌಂಡಿನ ಆಚೆ ಉರುಳಿತ್ತು. ಮಾರ್ವೊ ಎಂದರೆ ಜೀಪಿನಂತೆ ಎತ್ತರ, ಉದ್ದ ಮಾತ್ರ ಸಣ್ಣ ಕಾರಿನಷ್ಟೇ. ಕಂಪನಿಯವರು ಅದನ್ನು ಕ್ರಾಸ್‌ಓವರ್ ಎನ್ನುತ್ತಾರೆ. ಅದೇ ವಾರ ತಾರಾನಾಥ ಇನ್ನೊಂದು ಮಾರ್ವೊವನ್ನು ಹೂವಿನಂತೆ ಎತ್ತಿದ್ದ. ಅದೇ ಧೈರ್ಯದಲ್ಲಿ ಅದೇ ಬೆಲ್ಟು ಹಾಕಿ ಇದನ್ನೂ ಎತ್ತಿದ. ಆದರೆ ಅದು ಪೆಟ್ರೋಲಿನದ್ದು, ಇದು ಡೀಸೆಲ್ ಆಟೋಮ್ಯಾಟಿಕ್, ನೂರೈವತ್ತು ಕಿಲೋ ಹೆಚ್ಚು. ಅರ್ಧ ಎತ್ತಿದಾಗ ಬೆಲ್ಟು ಹರಿಯಿತು. ಓಡಿ ತಪ್ಪಿಸಿಕೊಳ್ಳುವಾಗ ಕುಶಲಾಳ ಎಡಗಾಲಿನ ಹರಡು ಮುರಿಯಿತು. ಮೂರು ತಿಂಗಳು ಪ್ಲಾಸ್ಟರಿನಲ್ಲಿದ್ದಳು.

"ಹೆಸರು ಒಂದೇ ಅಲ್ವಾ? ನಿಮಗೆ ಹೇಗೆ ಗೊತ್ತಾಗಬೇಕು?" ಎಂದು ಅವಳೇ ಸಮಾಧಾನ ಹೇಳಿದಳು. ಅವನಿಗೆ ಸಮಾಧಾನವಾಗಲಿಲ್ಲ.

ಅವಳ ಪ್ಲಾಸ್ಟರು ಬಿಚ್ಚಿದ ವಾರ ಒಂದು ಉದ್ದದ ನೋಟ್‌ಬುಕ್ಕು ತಂದ. ಕಾರ್ಕಳದಲ್ಲಿ ಕಲ್ಲಿನ ಲಾರಿಗಳನ್ನು ತೂಗುವ ವೇಬ್ರಿಜ್ ಇತ್ತು; ಅಲ್ಲಿನ ಲೂಯಿಸ್ ಅವನ ಶಾಲೆಯ ಸ್ನೇಹಿತ. ಆ ಕಡೆ ಯಾವ ಕಾರನ್ನು ಹೊತ್ತುಕೊಂಡು ಹೋದರೂ ತಾರಾನಾಥ ಗಾಡಿಯನ್ನು ವೇಬ್ರಿಜ್ಜಿಗೆ ಹತ್ತಿಸಿ, ತನ್ನ ಗಾಡಿಯ ತೂಕ ಕಳೆದು, ಉಳಿದದ್ದನ್ನು ಬರೆದುಕೊಳ್ಳುತ್ತಿದ್ದ. ಮಾರ್ವೊ ಒಂದಕ್ಕೇ ಎರಡು ಪುಟ ತುಂಬಿತು. ಮೊದಲು ಬಂದ ಮಾಡೆಲಿನ ಪೆಟ್ರೋಲು ಗಾಡಿ ಸಾವಿರದ ನಲವತ್ತು ಕಿಲೋ. ಎರಡನೆಯ ಮಾಡೆಲ್ ಒಂದು ಗೇಣು ಉದ್ದವಾಗಿ ಬಂತು, ಭಾರವೂ ಹೆಚ್ಚಿರಬೇಕು ಎಂದುಕೊಂಡರೆ ಸಾವಿರದ ಐದು! ಲೂಯಿಸನಿಂದ ಎರಡು ಸಲ ತೂಗಿಸಿದ. ಉಕ್ಕು ಬದಲಾಗಿದೆ, ತೆಳ್ಳಗಿದ್ದರೂ ಗಟ್ಟಿ ಎಂದು ಆಮೇಲೆ ಗ್ಯಾರೇಜಿನವರು ಹೇಳಿದರು. ಮೂರನೆಯದು ಬರುವಾಗ ಕಳೆದುಕೊಂಡದ್ದನ್ನೆಲ್ಲ ಮತ್ತೆ ಗಳಿಸಿಕೊಂಡಿತ್ತು. ಆರು ಏರ್‌ಬ್ಯಾಗು, ಮೇಲೆ ಗಾಜಿನ ಮಾಡು, ದಪ್ಪ ಬಾಗಿಲು ಸೇರಿ ಸಾವಿರದ ನೂರ ತೊಂಬತ್ತು. ಅದರಲ್ಲೇ ಪೆಟ್ರೋಲು, ಬ್ಯಾಟರಿ ಎರಡೂ ಇರುವ ಹೈಬ್ರಿಡ್ ಆದರೆ ಸಾವಿರದ ಮುನ್ನೂರ ಹದಿನೈದು. ಪೂರ್ತಿ ಬ್ಯಾಟರಿಯದ್ದು ಸಾವಿರದ ಐನೂರ ನಲವತ್ತು.

"ಒಂದೇ ಹೆಸರಿನಲ್ಲಿ ಐನೂರು ಕಿಲೋ ವ್ಯತ್ಯಾಸ ನೋಡು," ಎಂದ ತಾರಾನಾಥ.

ಲೂಯಿಸ್ ಹೊಟ್ಟೆ ಸವರಿಕೊಂಡು ನಕ್ಕ. "ಅದರಲ್ಲಿ ಎಂತ ಉಂಟು ಮಾರಾಯ? ಮದುವೆಯ ದಿನದ ಲೂಯಿಸ್ ಬೇರೆ, ಈಗಿನ ಲೂಯಿಸ್ ಬೇರೆ."

ಡಿಸೆಂಬರಿನ ಒಂದು ಬೆಳಿಗ್ಗೆ ಮಟ್ಟುವಿನಿಂದ ಫೋನು ಬಂತು. ಮಾಡಿದವನು ಗುಳ್ಳ ಬದನೆ ಬೆಳೆಯುವ ಚೆನ್ನಪ್ಪ. ಅವನ ಗದ್ದೆಗೆ ಹೋಗುವ ಹೊಳೆದಂಡೆಯ ಮೇಲೆ, ಎದುರಿಂದ ಬಂದ ರಿಕ್ಷಾಕ್ಕೆ ಜಾಗ ಕೊಡಲು ಹೋಗಿ ಒಂದು ಕಾರಿನ ಹಿಂದಿನ ಚಕ್ರಗಳು ನೀರಿಗೆ ಇಳಿದಿದ್ದವು.

"ಯಾವ ಕಾರು?"

"ಮಾರ್ವೊ."

"ಯಾವುದು, ಹೊಸತಾ ಹಳತಾ?"

"ಅದೆಲ್ಲ ನನಗೆ ಗೊತ್ತಿಲ್ಲ ಮಾರಾಯ್ರೆ. ಪಾಪ, ವಯಸ್ಸಾದ ಬಾಯಮ್ಮ ಒಬ್ಬರೇ ಇದ್ದಾರೆ. ಬೇಗ ಬನ್ನಿ, ಹನ್ನೆರಡು ಗಂಟೆಗೆ ಸಮುದ್ರದ ಉಬ್ಬರ ಹೊಳೆಗೆ ಏರ್ತದೆ."

ಹತ್ತು ಗಂಟೆಗೆ ಗಂಡ ಹೆಂಡತಿ ಮಟ್ಟು ತಲುಪಿದರು. ಕಾರು ಮೂಗು ಮೇಲೆ ಮಾಡಿ ಕೂತಿತ್ತು. ಹಿಂದಿನ ಚಕ್ರಗಳು ಅರ್ಧ ನೀರಿನಲ್ಲಿ, ಅರ್ಧ ಕೆಸರಿನಲ್ಲಿ. ಕಾರಿನ ಬಾಯಮ್ಮ ದಂಡೆಯ ಮೇಲೆ ಕೊಡೆ ಹಿಡಿದು ನಿಂತಿದ್ದರು. ಹೆಸರು ಪ್ಯಾಟ್ರಿಶಿಯಾ, ಅರುವತ್ತರ ಹತ್ತಿರದವರು, ಕುವೈತಿನಲ್ಲಿ ನರ್ಸ್ ಆಗಿದ್ದು ಈಗ ಉಡುಪಿಯಲ್ಲಿ ನೆಲೆಸಿದವರು. ಗುಳ್ಳ ತೆಗೆದುಕೊಳ್ಳಲು ಬಂದಿದ್ದರು. ಮೈಗೆ ಏನೂ ಆಗಿರಲಿಲ್ಲ. ಕೇಳಿದ ಕೂಡಲೇ ಫೋನಿನಲ್ಲಿ ಆರ್‌ಸಿ ತೋರಿಸಿದರು. ಮೂರನೆಯ ಮಾಡೆಲ್, ಹೈಬ್ರಿಡ್, ಖಾಲಿ ತೂಕ ಸಾವಿರದ ಮುನ್ನೂರ ಹದಿನೈದು ಕಿಲೋ. ತಾರಾನಾಥನ ಪುಸ್ತಕದಲ್ಲಿದ್ದದ್ದೂ ಅದೇ.

ದಂಡೆ ಇಕ್ಕಟ್ಟು. ಕ್ರೇನ್ ಗಾಡಿ ಡಾಮರು ಮುಗಿಯುವಲ್ಲೇ ನಿಲ್ಲಬೇಕಿತ್ತು. ಕ್ರೇನಿನ ತೋಳು ಚಾಚಿದಷ್ಟೂ ಅದು ಎತ್ತುವ ಭಾರ ಕಡಿಮೆಯಾಗುತ್ತದೆ. ಇಷ್ಟು ದೂರಕ್ಕೆ ಅದು ಹೊರಬಲ್ಲದ್ದು ಸಾವಿರದ ನಾನೂರ ಐವತ್ತು. ಸ್ವಲ್ಪ ಅಂಚಿನಲ್ಲೇ ಆಯಿತು, ಆದರೆ ಆಗಬಹುದು ಎನಿಸಿತು. ಚೆನ್ನಪ್ಪ ಹಾರೆ ತಂದು ಚಕ್ರದ ಸುತ್ತಲಿನ ಕೆಸರು ಬಿಡಿಸಿದ. ಕುಶಲಾ ಬೆಲ್ಟು ಕಟ್ಟಿ, ಕಾರು ಜಾರದಂತೆ ಮುಂದಿನಿಂದ ಇನ್ನೊಂದು ಬೆಲ್ಟಿನಲ್ಲಿ ತೆಂಗಿನ ಮರಕ್ಕೆ ಬಿಗಿದಳು. ತಾರಾನಾಥ ನಿಧಾನಕ್ಕೆ ಹಿಡಿಕೆ ಎಳೆದ.

ಕಾರು ಒಂದು ಗೇಣು ಎದ್ದಿತು. ಅಷ್ಟರಲ್ಲಿ ಕುಶಲಾ ಕೈಯೆತ್ತಿ ಕೂಗಿದಳು.

"ನಿಲ್ಲಿಸಿ, ನಿಲ್ಲಿಸಿ! ಆಚೆಯ ಕಾಲು ಎದ್ದಿತು!"

ಗಾಡಿ ವಾಲದಂತೆ ಎರಡೂ ಬದಿಗೆ ಊರುವ ಕಬ್ಬಿಣದ ಕಾಲುಗಳಲ್ಲಿ ಆಚೆ ಬದಿಯದು ನೆಲ ಬಿಟ್ಟು ನಾಲ್ಕು ಬೆರಳು ಮೇಲೆದ್ದಿತ್ತು. ತಾರಾನಾಥ ಕಾರನ್ನು ಮತ್ತೆ ನೀರಿಗೆ ಇಳಿಸಿದ. ಕುಶಲಾಳ ಎಡಗಾಲಿನ ಕಡೆಗೆ ಅವನ ಕಣ್ಣು ತಾನಾಗಿಯೇ ಹೋಯಿತು.

"ಇನ್ನೊಂದು ಸಲ ಎಳೆಯಿರಿ, ಬಂದೇ ಬಿಟ್ಟಿತ್ತು," ಎಂದ ಚೆನ್ನಪ್ಪ. ನೋಡಲು ಸೇರಿದ್ದ ಇಬ್ಬರು ಮೂವರೂ ಹಾಗೆಯೇ ಹೇಳಿದರು.

"ಇಲ್ಲ," ಎಂದ ತಾರಾನಾಥ. "ಇದು ಸಾವಿರದ ಮುನ್ನೂರ ಹದಿನೈದು ಅಲ್ಲ. ಮೇಡಂ, ಹಿಂದೆ ಎಂತಾದರೂ ಉಂಟಾ?"

"ಎಂತ ಇಲ್ಲ. ಎರಡು ಖಾಲಿ ಚೀಲ ಉಂಟು, ಅಷ್ಟೇ," ಎಂದರು ಪ್ಯಾಟ್ರಿಶಿಯಾ.

ಸುಳ್ಳು ಹೇಳುವ ಮುಖವಲ್ಲ ಅದು. ಆದರೂ ಅವನಿಗೆ ನಂಬಿಕೆಯಾಗಲಿಲ್ಲ. ಕಾರಿನ ಹಿಂಭಾಗವೇ ಹೆಚ್ಚು ಜಗ್ಗುತ್ತಿತ್ತು. ಕುಶಲಾ ಮೊಣಕಾಲುದ್ದದ ನೀರಿಗೆ ಇಳಿದು ಹಿಂದಿನ ಬಾಗಿಲು ಎತ್ತಿದಳು. ಒಳಕ್ಕೆ ಬಗ್ಗಿ ನೋಡಿದಳು.

"ಅಕ್ಕ," ಎಂದಳು, "ಇದು ಯಾರ ಕುರ್ಚಿ?"

ಒಳಗೆ ಮಡಚಿಟ್ಟ ಮೋಟಾರಿನ ಗಾಲಿಕುರ್ಚಿ ಇತ್ತು. ಅದನ್ನು ಎತ್ತಿ ಇಳಿಸುವ ಕಬ್ಬಿಣದ ಸಣ್ಣ ಲಿಫ್ಟು ಕಾರಿನ ನೆಲಕ್ಕೆ ಬೋಲ್ಟು ಹಾಕಿ ಕೂರಿಸಿದ್ದಿತ್ತು.

ಪ್ಯಾಟ್ರಿಶಿಯಾ ಕೊಡೆ ಮಡಚಿದರು. "ಮ್ಯಾಥ್ಯೂನದ್ದು," ಎಂದರು. "ನನ್ನ ಗಂಡ. ಸ್ಟ್ರೋಕ್ ಆಗಿತ್ತು. ಮೂರು ವರ್ಷ ವಾರಕ್ಕೆ ಎರಡು ಸಲ ಆಸ್ಪತ್ರೆಗೆ ಮಣಿಪಾಲಕ್ಕೆ ಕರೆದುಕೊಂಡು ಹೋಗ್ತಿದ್ದೆ. ಈ ಲಿಫ್ಟು ಅಲ್ಲಿಯ ಒಂದು ಗ್ಯಾರೇಜಿನಲ್ಲಿ ಮಾಡಿಸಿದ್ದು. ಅವನು ಹೋಗಿ ಎಂಟು ತಿಂಗಳಾಯ್ತು." ಕಾರಿನ ಕಡೆ ಕೈ ತೋರಿಸಿದರು. "ನಾನು ದಿನಾ ಈ ಗಾಡಿ ಬಿಡ್ತೇನೆ. ಅದು ಅಲ್ಲಿ ಉಂಟು ಅಂತ ನೆನಪೇ ಆಗಲಿಲ್ಲ ನೋಡಿ. ಗಾಡಿಯ ಒಂದು ಭಾಗ ಅಂತಲೇ ಆಗಿ ಹೋಗಿದೆ."

ತಾರಾನಾಥ ಲೆಕ್ಕ ಹಾಕಿದ. ಕುರ್ಚಿ, ಅದರ ಬ್ಯಾಟರಿ, ಲಿಫ್ಟು ಎಲ್ಲ ಸೇರಿ ನೂರ ಇಪ್ಪತ್ತು ಕಿಲೋ. ಮೇಲೆ ಒಳಗೆ ಸೇರಿದ ನೀರು, ಕೆಸರು.

"ಮೇಡಂ, ಅದನ್ನು ಬಿಚ್ಚಿ ಹೊರಗೆ ತೆಗೆದರೆ ನನ್ನ ಕ್ರೇನಿನಲ್ಲಿ ಆಗ್ತದೆ. ಬೇಡ ಅಂದರೆ ಮಲ್ಪೆಯಿಂದ ದೊಡ್ಡ ಕ್ರೇನ್ ತರಿಸುವ. ಅದು ಬರುವಾಗ ನೀರು ಬಾಗಿಲಿಗೆ ಬಂದಿರ್ತದೆ. ಉಪ್ಪು ನೀರು ಬ್ಯಾಟರಿಗೆ ಹೋದರೆ ಈ ಗಾಡಿ ಮತ್ತೆ ಸರಿಯಾಗುವುದು ಕಷ್ಟ. ಯಾವುದು ಅಂತ ನೀವೇ ಹೇಳಿ. ನಾನು ಒತ್ತಾಯ ಮಾಡುವುದಿಲ್ಲ."

ನೀರು ಆಗಲೇ ಚಕ್ರದ ಮುಕ್ಕಾಲು ಮುಟ್ಟಿತ್ತು. ಪ್ಯಾಟ್ರಿಶಿಯಾ ಅದನ್ನೇ ನೋಡುತ್ತ ನಿಂತರು. ಆಮೇಲೆ ಅವರು ಚಪ್ಪಲಿ ಬಿಚ್ಚಿಟ್ಟರು.

"ಬೋಲ್ಟು ನಾಲ್ಕು ಉಂಟು. ಎರಡು ಕಾರ್ಪೆಟಿನ ಅಡಿಯಲ್ಲಿ, ಕಾಣುವುದಿಲ್ಲ. ನಾನೇ ತೋರಿಸ್ತೇನೆ."

ಅವರು ನೀರಿಗೆ ಇಳಿದರು. ಜಾರದಂತೆ ಕುಶಲಾ ಕೈ ಹಿಡಿದಳು. ಮೂರು ಬೋಲ್ಟು ಬೇಗ ಬಂತು, ನಾಲ್ಕನೆಯದು ತುಕ್ಕು ಹಿಡಿದು ಹಟ ಮಾಡಿತು. ತಾರಾನಾಥ ಎಣ್ಣೆ ಬಿಟ್ಟು, ಸ್ಪ್ಯಾನರಿಗೆ ಪೈಪು ಸಿಕ್ಕಿಸಿ, ಚೆನ್ನಪ್ಪನ ಜೊತೆ ಸೇರಿ ತಿರುಗಿಸಿದ. ಕಿರ್ರೆಂದು ಸಡಿಲವಾದಾಗ ಪ್ಯಾಟ್ರಿಶಿಯಾ ಕಣ್ಣು ಮುಚ್ಚಿದ್ದರು. ಲಿಫ್ಟನ್ನೂ ಕುರ್ಚಿಯನ್ನೂ ಒಂದೊಂದಾಗಿ ಹೊತ್ತು ದಂಡೆಗೆ ತಂದಿಟ್ಟರು. ಕಾರಿನ ಹಿಂಭಾಗ ಕೆಸರಿನಿಂದ ಎರಡು ಬೆರಳು ಮೇಲೆ ಬಂದದ್ದು ಎಲ್ಲರಿಗೂ ಕಂಡಿತು.

ಈ ಸಲ ಹಿಡಿಕೆ ಎಳೆಯುವ ಮೊದಲು ತಾರಾನಾಥ ಹೆಂಡತಿಯನ್ನು ದೂರ ನಿಲ್ಲಿಸಿದ.

"ಇನ್ನೂ ಹಿಂದೆ ಹೋಗು."

"ಇನ್ನು ಹಿಂದೆ ಹೋದರೆ ಗುಳ್ಳದ ಗಿಡ ಮೆಟ್ಟಬೇಕು," ಎಂದಳು ಕುಶಲಾ.

"ಮೆಟ್ಟಿದರೆ ಮೆಟ್ಟಿ ಅಕ್ಕ," ಎಂದ ಚೆನ್ನಪ್ಪ.

ಕಬ್ಬಿಣದ ಕಾಲುಗಳು ನೆಲ ಬಿಡಲಿಲ್ಲ. ಕಾರು ನೀರು ಸುರಿಸುತ್ತ ಎದ್ದಾಗ ಚೆನ್ನಪ್ಪ ಮರದ ಬೆಲ್ಟು ಬಿಚ್ಚಿದ. ಅದು ಗಾಳಿಯಲ್ಲಿ ಸ್ವಲ್ಪ ತಿರುಗಿ, ದಂಡೆಯ ಮೇಲಿನಿಂದ ಬಂದು ಕ್ರೇನ್ ಗಾಡಿಯ ಹಲಗೆಯ ಮೇಲೆ ಕೂತಿತು. ಯಾರೋ ಚಪ್ಪಾಳೆ ತಟ್ಟಿದರು. ಗಂಟೆ ಹನ್ನೊಂದೂವರೆ.

ಚೆನ್ನಪ್ಪ ಎಳನೀರಿನ ಬೊಂಡ ಕೆತ್ತಿ ಕೊಟ್ಟ. ಪ್ಯಾಟ್ರಿಶಿಯಾ ಬೆಳಿಗ್ಗೆಯಿಂದ ನಿಂತೇ ಇದ್ದರು, ಕೂರಲು ಅಲ್ಲಿ ಬೇರೇನೂ ಇರಲಿಲ್ಲ. ಕುಶಲಾ ಗಾಲಿಕುರ್ಚಿ ಬಿಡಿಸಿ, ತನ್ನ ಶಾಲಿನಿಂದ ಒರೆಸಿದಳು. ಪ್ಯಾಟ್ರಿಶಿಯಾ ಒಂದು ಕ್ಷಣ ಹಿಂಜರಿದು, ಕೂತರು. ಕೂತು ಬೆನ್ನು ಆಚೆ ಈಚೆ ಮಾಡಿದರು.

"ಅಯ್ಯೋ ದೇವರೇ, ಎಷ್ಟು ಗಟ್ಟಿ ಉಂಟು ಇದು!" ಎಂದರು. "ಮೂರು ವರ್ಷ ಅವನು ಬೈಯ್ತಿದ್ದ, ಬೆನ್ನು ನೋವಾಗ್ತದೆ ಅಂತ. ಸುಮ್ಮನೆ ಹಟ ಅಂತ ನಾನು ಕಿವಿಗೆ ಹಾಕಿಕೊಳ್ಳಲೇ ಇಲ್ಲ."

ಹೇಳಿ ನಕ್ಕರು. ನಗುತ್ತಿದ್ದ ಹಾಗೆಯೇ ಅಳು ಬಂತು. ಕುಶಲಾ ಪಕ್ಕದಲ್ಲಿ ಕುಕ್ಕರುಗಾಲಿನಲ್ಲಿ ಕೂತು, ಅವರ ಬೆನ್ನ ಮೇಲೆ ಕೈಯಿಟ್ಟಳು. ತಾರಾನಾಥ ಬೆಲ್ಟು ಸುತ್ತುವ ನೆಪದಲ್ಲಿ ಗಾಡಿಯ ಆಚೆ ಬದಿಗೆ ಹೋದ.

ಕಾರಿಗೆ ದೊಡ್ಡ ಹಾನಿಯಾಗಿರಲಿಲ್ಲ. ಮಣಿಪಾಲದ ಗ್ಯಾರೇಜಿನಲ್ಲಿ ತೊಳೆದು, ವೈರುಗಳನ್ನು ಒಣಗಿಸಿ ನಾಲ್ಕನೆಯ ದಿನ ಕೊಟ್ಟರು. ಲಿಫ್ಟನ್ನು ಮತ್ತೆ ಕೂರಿಸಬೇಕಾ ಎಂದು ಮೆಕ್ಯಾನಿಕ್ ಕೇಳಿದ್ದಕ್ಕೆ, ಸದ್ಯಕ್ಕೆ ಮನೆಯಲ್ಲಿ ಇರಲಿ ಎಂದರಂತೆ ಪ್ಯಾಟ್ರಿಶಿಯಾ. ಇದನ್ನು ಅವರೇ ಒಂದು ತಿಂಗಳ ಮೇಲೆ ತಾರಾನಾಥನಿಗೆ ಫೋನಿನಲ್ಲಿ ಹೇಳಿದರು.

"ಗಾಡಿ ಈಗ ರೋಡಿನ ಹಂಪಿನಲ್ಲಿ ಹಾರಿದ ಹಾಗೆ ಆಗ್ತದೆ ತಾರಾನಾಥಣ್ಣ. ಮೊದಮೊದಲು ಹೆದರಿಕೆ ಆಯ್ತು. ಈಗ ಅಭ್ಯಾಸ ಆಗಿದೆ. ಅದು ಬಿಡಿ, ನಿಮ್ಮ ಹತ್ತಿರ ಒಂದು ಕೇಳಲಿಕ್ಕೆ ಉಂಟು. ಕಾಪುವಿನಲ್ಲಿ ಲೀನಾ ಅಂತ ಟೀಚರ್ ಇದ್ದಾಳೆ. ಅವಳ ಅಮ್ಮ ತೆರೆಸಾಬಾಯಿಗೆ ನಡೆಯಲಿಕ್ಕೆ ಆಗುವುದಿಲ್ಲ. ಇಬ್ಬರು ಎತ್ತಿ ಕಾರಿನಲ್ಲಿ ಕೂರಿಸಬೇಕು. ಆ ನಾಚಿಕೆಗೆ ಅವರು ಹೊರಗೆ ಬರುವುದೇ ಬಿಟ್ಟಿದ್ದಾರೆ. ಅವರದ್ದೂ ಮಾರ್ವೊ. ಆದರೆ ಹಳತು, ಎಲ್ಲಕ್ಕಿಂತ ಮೊದಲಿನ ಮಾಡೆಲ್, ಪೆಟ್ರೋಲ್. ಈ ಕುರ್ಚಿ, ಲಿಫ್ಟು ಅದು ತಡೆದೀತಾ?"

ತಾರಾನಾಥ ಪುಸ್ತಕ ತೆರೆದ. ಕಾರಿನ ಖಾಲಿ ತೂಕ ಸಾವಿರದ ನಲವತ್ತು, ಎಲ್ಲ ತುಂಬಿದ ಮೇಲೆ ಆ ಗಾಡಿ ಒಟ್ಟು ತೂಗಬಹುದಾದದ್ದು ಸಾವಿರದ ನಾನೂರ ಎಂಬತ್ತು. ನಡುವೆ ನಾನೂರ ನಲವತ್ತು ಉಳಿಯಿತು. ಅದರಲ್ಲಿ ನೂರ ಇಪ್ಪತ್ತು ಕಳೆದ, ತಾಯಿ ಮಗಳನ್ನು ಕಳೆದ.

"ತಡೀತದೆ," ಎಂದ. "ಹಿಂದಿನ ಸ್ಪ್ರಿಂಗ್ ಹಳತಾಗಿದ್ದರೆ ಹೊಸತು ಹಾಕಿಸಲಿ. ಮತ್ತೆ ಒಂದು ಕೆಲಸ ಮರೆಯಬಾರದು. ಆರ್‌ಟಿಓಗೆ ಹೋಗಿ ಆ ತೂಕ ಆರ್‌ಸಿಯಲ್ಲಿ ಸೇರಿಸಬೇಕು. ನಾಳೆ ಯಾರಾದರೂ ಆ ಗಾಡಿ ಎತ್ತುವವನಿಗೆ ಗೊತ್ತಿರಲಿ."

ಜನವರಿಯ ಕೊನೆಯ ಭಾನುವಾರ ಲೀನಾಳ ಮನೆಗೆ ಎಲ್ಲರನ್ನೂ ಊಟಕ್ಕೆ ಕರೆದಿದ್ದರು. ಅಷ್ಟರಲ್ಲಿ ಲಿಫ್ಟನ್ನು ಅವಳ ಕಾರಿಗೆ ಕೂರಿಸಿ ಆಗಿತ್ತು. ತಾರಾನಾಥ ಮೊದಲು ಕಾರಿನ ಅಡಿಗೆ ಇಣುಕಿ ಸ್ಪ್ರಿಂಗು ನೋಡಿದ, ಬೋಲ್ಟುಗಳನ್ನು ಒಂದೊಂದಾಗಿ ಕೈಯಿಂದ ಮುಟ್ಟಿದ. ಕುರ್ಚಿಗೆ ಪ್ಯಾಟ್ರಿಶಿಯಾ ಹತ್ತಿಯ ಮೆತ್ತೆ ಹೊಲಿಸಿದ್ದರು.

ತೆರೆಸಾಬಾಯಿ ಎಂಬತ್ತರ ಸಣ್ಣ ಹೆಂಗಸು, ಧ್ವನಿ ಮಾತ್ರ ದೊಡ್ಡದು.

"ನೀವಾ ತೂಕ ಲೆಕ್ಕ ಹಾಕಿದವರು? ನನ್ನನ್ನು ಎಷ್ಟು ಕಿಲೋ ಅಂತ ಹಿಡಿದಿರಿ?"

"ನಲವತ್ತೆಂಟು," ಎಂದ ತಾರಾನಾಥ ಸಂಕೋಚದಿಂದ.

"ಎಂತ ನಲವತ್ತೆಂಟು! ಐವತ್ತೆರಡು ಇದ್ದೇನೆ. ನನ್ನನ್ನು ಕಡಿಮೆ ಮಾಡಬೇಡಿ."

"ಆಯ್ತು, ಐವತ್ತೆರಡು," ಎಂದ ಅವನು. ಎಲ್ಲರೂ ನಕ್ಕರು.

ಊಟವಾದ ಮೇಲೆ ತೆರೆಸಾಬಾಯಿ ತಾವೇ ಗುಂಡಿ ಒತ್ತಿ ಕುರ್ಚಿಯನ್ನು ಅಂಗಳಕ್ಕೆ ನಡೆಸಿದರು. ಕಾರಿನ ಬಾಗಿಲ ಬಳಿ ಮಗಳ ತೋಳು ಹಿಡಿದು ಸೀಟಿಗೆ ಜರುಗಿ ಕೂತರು. ಲಿಫ್ಟು ಗುಂಯ್ ಎನ್ನುತ್ತ ಕುರ್ಚಿಯನ್ನು ಎತ್ತಿ ಹಿಂದೆ ಇಟ್ಟಿತು. ಯಾರೂ ಅವರನ್ನು ಎತ್ತಬೇಕಾಗಲಿಲ್ಲ. ಕಾರಿನ ಹಿಂಭಾಗ ತುಸು ತಗ್ಗಿ ನಿಂತಿತು. ಕುಶಲಾ ಬಗ್ಗಿ ನೋಡಿ ಗಂಡನಿಗೆ ತಲೆಯಾಡಿಸಿದಳು.

"ಎಲ್ಲಿಗೆ ಹೋಗುವ ಅಮ್ಮ?" ಎಂದು ಕೇಳಿದಳು ಲೀನಾ.

"ಉಡುಪಿಗೆ. ನನ್ನ ಅಕ್ಕ ಎಲಿಜಬೆತ್‌ನ ಮನೆಗೆ. ಹೇಳಬೇಡ, ಹಾಗೇ ಹೋಗುವ. ಬಾಗಿಲು ತೆಗೆದು ನನ್ನನ್ನು ನೋಡಲಿ ಅವಳು."

ಕಾರು ಗೇಟು ದಾಟಿತು. ಪ್ಯಾಟ್ರಿಶಿಯಾ ಅದು ತಿರುವಿನಲ್ಲಿ ಮರೆಯಾಗುವ ತನಕ ನಿಂತು, ಒಳಗೆ ಹೋಗಿ ಕುಶಲಾಳ ಜೊತೆ ಪಾತ್ರೆ ತೊಳೆಯಲು ನಿಂತರು.