ಮೂರನೇ ಬೋರ್ಡಿನವಳು

“ಪರದೆ ಹದಿನಾಲ್ಕು, ಸರಿಯಾಗಿದೆ ಮೇಡಂ. ಊಟದ ಮೇಜು ಒಂದು. ಅದರ ಕುರ್ಚಿ ಹನ್ನೆರಡು ಅಂತ ಪಟ್ಟಿಯಲ್ಲಿದೆ. ಇಲ್ಲಿ ಹನ್ನೊಂದೇ ಇದೆಯಲ್ಲ?”

ಸರ್ಕಾರಿ ಬಂಗಲೆಯ ಸಾಮಾನು ಎಣಿಸಲು ಬಂದಿದ್ದ ಗುಮಾಸ್ತ ಪೆನ್ಸಿಲನ್ನು ಕಿವಿಗೆ ಸಿಕ್ಕಿಸಿಕೊಂಡು ನಿಂತ. ಹೋದ ತಿಂಗಳವರೆಗೆ ಕಾರ್ಮಿಕ ಖಾತೆಯ ಮಂತ್ರಿಯಾಗಿದ್ದಾಕೆ ನೆಲದ ಮೇಲೆ ಕಾಲು ಚಾಚಿ ಕೂತು, ಸ್ಮರಣಿಕೆಗಳನ್ನು ಹಳೆಯ ಪತ್ರಿಕೆಯಲ್ಲಿ ಸುತ್ತುತ್ತಿದ್ದಳು.

“ಇನ್ನೊಂದು ಗೇಟಿನ ಹತ್ತಿರ ಇದೆ. ಕಾವಲಿನವನಿಗೆ ಕೊಟ್ಟಿದ್ದೆ. ಹೊಸಬರು ಬಂದು ಕಿತ್ತುಕೊಂಡರೆ ಕಿತ್ತುಕೊಳ್ಳಲಿ. ನಾನಂತೂ ವಾಪಸು ಕೇಳಲ್ಲ.”

ಗುಮಾಸ್ತ ನಕ್ಕ. ಊರಿಗೆಲ್ಲ ಆಕೆ ‘ಸ್ಟೂಲು ಮಂತ್ರಿ’. ಅಂಗಡಿಗಳಲ್ಲಿ ಬೆಳಗಿನಿಂದ ಸಂಜೆಯವರೆಗೆ ನಿಂತೇ ಇರುವ ಹೆಣ್ಣುಮಕ್ಕಳಿಗೆ ಕೂರಲು ಒಂದು ಆಸನ ಕೊಡಲೇಬೇಕೆಂದು ಕಾನೂನು ತಂದಾಗ ಪತ್ರಿಕೆಯವರು ತಮಾಷೆಗೆ ಇಟ್ಟ ಹೆಸರು ಅದು. ವ್ಯಂಗ್ಯಚಿತ್ರಗಳಲ್ಲಿ ಆಕೆ ಯಾವಾಗಲೂ ತಲೆಯ ಮೇಲೊಂದು ಸ್ಟೂಲು ಹೊತ್ತೇ ಇರುತ್ತಿದ್ದಳು. ಮೊದಮೊದಲು ಮೈ ಉರಿಯುತ್ತಿತ್ತು. ಆಮೇಲೆ ಒಂದು ದಿನ ಬಟ್ಟೆ ಅಂಗಡಿಯೊಳಗೆ ಹೋದಾಗ, ಗಲ್ಲಾದ ಪಕ್ಕದ ಹುಡುಗಿ ಆಕೆಯ ಮುಖ ನೋಡಿ ಎದ್ದು ನಿಲ್ಲಲು ಹೋಗಿ, ಏನೋ ನೆನಪಾದವಳಂತೆ ನಗುತ್ತಾ ಮತ್ತೆ ಕೂತುಬಿಟ್ಟಿದ್ದಳು. ಆವತ್ತಿನಿಂದ ಆ ಹೆಸರು ಹಿತವಾಗಿಯೇ ಕೇಳಿಸುತ್ತಿತ್ತು.

ಚುನಾವಣೆಯಲ್ಲಿ ಸೋತ ಮೇಲೆ ಬಂಗಲೆ ಖಾಲಿ ಮಾಡಲು ಇವತ್ತೇ ಕೊನೆಯ ದಿನ. ಮುಂಜಾನೆಯಿಂದ ಜನ ಚಪ್ಪಲಿ ರಾಶಿ ಬಿಟ್ಟು ಕಾಯುತ್ತಿದ್ದ ಜಗಲಿಯಲ್ಲಿ ಈಗ ಗುಮಾಸ್ತನದೊಂದೇ ಜೊತೆ. ಆಪ್ತ ಸಹಾಯಕ ಮೊನ್ನೆಯೇ ಹೊಸ ಮಂತ್ರಿಯ ಕಚೇರಿ ಸೇರಿದ್ದ. ಹೋಗುವಾಗ ಕಣ್ಣಲ್ಲಿ ನೀರು ತಂದುಕೊಂಡಿದ್ದ, ಪಾಪ. ಸಂಜೆ ಆಕೆಯ ತಮ್ಮ ವ್ಯಾನು ಕಳಿಸುತ್ತಾನೆ. ಅವನ ಮನೆಯ ಹಿಂದಿನ ಕೋಣೆಗೆ ಸುಣ್ಣ ಹೊಡೆಸಿದ್ದಾನಂತೆ. ಮದುವೆ, ಮಕ್ಕಳು ಅಂತ ಆಕೆ ಹಚ್ಚಿಕೊಂಡದ್ದು ಏನೂ ಇರಲಿಲ್ಲ.

“ಮೇಡಂ, ಗೇಟಿನ ಹತ್ತಿರ ಯಾರೋ ಹೆಂಗಸು ಬಂದಿದ್ದಾರೆ,” ಎಂದು ಕಾವಲಿನವನು ಬಾಗಿಲಲ್ಲಿ ತಲೆ ಹಾಕಿದ. “ಹೆಸರು ಕೇಳಿದರೆ ‘ನಾಲ್ಕು ಬಂದಿದ್ದಾಳೆ ಅನ್ನು, ಸಾಕು’ ಅಂತಾರೆ.”

ಆಕೆಯ ಕೈಯಲ್ಲಿದ್ದ ಗಾಜಿನ ಸ್ಮರಣಿಕೆ ಕಾಗದದೊಳಗಿಂದ ಜಾರಿ ಮಡಿಲಿಗೆ ಬಿತ್ತು.

ನಲವತ್ತನಾಲ್ಕು ವರ್ಷದ ಹಿಂದೆ ಈ ಊರಿನ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಹನ್ನೆರಡು ಬೋರ್ಡುಗಳಿದ್ದವು, ಹನ್ನೆರಡು ಹುಡುಗಿಯರಿದ್ದರು. ಬೋರ್ಡಿನ ಮೇಲೆ ಪುಟ್ಟ ದೀಪ ಹತ್ತಿದರೆ ವೈರು ಚುಚ್ಚಿ “ನಂಬರ್ ಹೇಳಿ” ಎನ್ನಬೇಕು. ಬೆನ್ನು ಒರಗಿಸಲು ಆಸರೆಯಿಲ್ಲದ ಎತ್ತರದ ಪೀಠ, ನೆತ್ತಿಯ ಕೂದಲಲ್ಲಿ ಗೀರು ಬೀಳಿಸುವ ಹೆಡ್‌ಫೋನು. ಹಿಂದೆ ಮೇಲ್ವಿಚಾರಕಿ ಸದ್ದಿಲ್ಲದ ಚಪ್ಪಲಿ ಹಾಕಿಕೊಂಡು ಓಡಾಡುತ್ತಿದ್ದಳು. ಹುಡುಗಿಯರು ಒಬ್ಬರನ್ನೊಬ್ಬರು ಬೋರ್ಡಿನ ನಂಬರಿನಿಂದಲೇ ಕರೆಯುತ್ತಿದ್ದರು. ಆಕೆ ಮೂರು. ಪಕ್ಕದಲ್ಲಿ ನಾಲ್ಕು. ಮಾತಾಡುವಂತಿರಲಿಲ್ಲವಾದ್ದರಿಂದ ಇಬ್ಬರ ನಡುವೆ ಬೆರಳಿನ ಭಾಷೆಯೊಂದು ಬೆಳೆದಿತ್ತು. ಮೇಜಿಗೆ ಒಂದು ಬಡಿತವೆಂದರೆ ‘ಹಿಂದೆ ನಿಂತಿದ್ದಾಳೆ, ಹುಷಾರು’. ಎರಡು ಬಡಿತವೆಂದರೆ ‘ಆ ಬ್ಯಾಂಕಿನವನು ಮತ್ತೆ ನಿನ್ನ ದನಿ ಕೇಳೋಕೇ ಫೋನು ಮಾಡಿದ್ದಾನೆ ನೋಡು’. ಕೊನೆಗೆ ಆ ಬ್ಯಾಂಕಿನವನನ್ನು ಮದುವೆಯಾದವಳೂ ನಾಲ್ಕೇ.

ಶೌಚಕ್ಕೆ ಹೋಗಲು ಕೈ ಎತ್ತಿ ಕಾಯಬೇಕಿತ್ತು. ಒಂದು ಮಧ್ಯಾಹ್ನ ಬಸುರಿಯಾಗಿದ್ದ ಒಂಬತ್ತನೆಯವಳು ಕೈ ಎತ್ತಿ ಎತ್ತಿ ಸೋತು, ಕೂತಲ್ಲೇ ಬಟ್ಟೆ ಒದ್ದೆ ಮಾಡಿಕೊಂಡು ಅತ್ತಳು. ಆಗ ನಾಲ್ಕು ತನ್ನ ಹೆಡ್‌ಫೋನು ತೆಗೆದು ಮೇಜಿನ ಮೇಲಿಟ್ಟಳು. ಒಂದು ಮಾತೂ ಆಡಲಿಲ್ಲ. ಅವಳನ್ನು ನೋಡಿ ಮೂರು, ಆಮೇಲೆ ಐದು, ಆಮೇಲೆ ಎಲ್ಲರೂ. ಹನ್ನೊಂದು ನಿಮಿಷ ಇಡೀ ಊರು ಮೂಕವಾಯಿತು. ಮೇಲಧಿಕಾರಿ ಏದುಸಿರು ಬಿಡುತ್ತಾ ಮೆಟ್ಟಿಲು ಹತ್ತಿ ಬಂದಾಗ ಎದ್ದು ನಿಂತು ಮಾತಾಡಿದವಳು ಮಾತ್ರ ಮೂರು. ಮರುದಿನ ಪತ್ರಿಕೆಯಲ್ಲಿ ಅವಳ ಪಟ ಬಂತು. ಅಲ್ಲಿಂದ ಸಂಘ, ಸಂಘದಿಂದ ಪುರಸಭೆ, ಪುರಸಭೆಯಿಂದ ಶಾಸನಸಭೆ. ಸಾವಿರ ವೇದಿಕೆಗಳಲ್ಲಿ ಆಕೆ ಆ ಹನ್ನೊಂದು ನಿಮಿಷದ ಕಥೆ ಹೇಳಿದ್ದಳು. ಹೇಳುತ್ತಾ ಹೇಳುತ್ತಾ ಯಾವಾಗಲೋ, ಮೊದಲು ಹೆಡ್‌ಫೋನು ತೆಗೆದವಳು ತಾನೇ ಎಂದಾಗಿಬಿಟ್ಟಿತ್ತು.

“ಏನೇ ಮೂರು, ಇಷ್ಟು ದೊಡ್ಡ ಮನೆಯಲ್ಲಿ ನೆಲದ ಮೇಲೆ ಕೂತಿದ್ದೀಯಲ್ಲ?”

ನಾಲ್ಕು ಬಾಗಿಲಲ್ಲಿ ನಿಂತಿದ್ದಳು. ತಲೆ ಪೂರ್ತಿ ಬೆಳ್ಳಗಾಗಿತ್ತು. ಮೊಣಕಾಲು ನೋವಿನವರ ನಡಿಗೆ. ಹೆಗಲಲ್ಲಿ ಚೀಲ. ಉತ್ತರಕ್ಕೂ ಕಾಯದೆ ಗೋಡೆ ಹಿಡಿದುಕೊಂಡು ಪಕ್ಕದಲ್ಲೇ ಕೂತು, ಒಂದು ಸ್ಮರಣಿಕೆ ಎತ್ತಿಕೊಂಡು ಸುತ್ತತೊಡಗಿದಳು. “ಹೀಗಲ್ಲ ಸುತ್ತೋದು, ಮೂಲೆ ಒಡೆಯುತ್ತೆ. ಕೊಡು ಇಲ್ಲಿ.”

ಗುಮಾಸ್ತ ತನ್ನ ಪಟ್ಟಿ ಹಿಡಿದು ಒಳಕೋಣೆಗೆ ಸರಿದುಕೊಂಡ.

ಹನ್ನೆರಡು ವರ್ಷದ ಹಿಂದಿನ ಚೀಟಿ ಆಕೆಯ ಕಣ್ಣ ಮುಂದೆ ಬಂತು. ಭೇಟಿಗೆ ಬಂದವರೆಲ್ಲ ಕಚೇರಿಯಲ್ಲಿ ತುಂಬಿ ಕಳಿಸುವ ಚೀಟಿ. ‘ಹೆಸರು: ನಾಲ್ಕನೇ ಬೋರ್ಡು. ಕೆಲಸ: ಮಗಳ ವರ್ಗಾವಣೆ.’ ವರ್ಗಾವಣೆಗೆ ಯಾರ ಪರವಾಗಿಯೂ ಶಿಫಾರಸು ಮಾಡುವುದಿಲ್ಲ, ಸ್ವಂತ ತಮ್ಮ ಬಂದರೂ ಅಷ್ಟೇ ಎಂದು ಅದರ ಹಿಂದಿನ ವಾರವಷ್ಟೇ ಆಕೆ ಪತ್ರಿಕೆಯವರ ಮುಂದೆ ಹೇಳಿದ್ದಳು. ನಾಲ್ಕನ್ನು ಎದುರಿಗೆ ಕೂರಿಸಿಕೊಂಡು ‘ಆಗಲ್ಲ’ ಎನ್ನಲು ಬಾಯಿ ಬರುತ್ತಿರಲಿಲ್ಲ. ಅದಕ್ಕೆ ಚೀಟಿಯನ್ನು ಕಾಗದಗಳ ಅಡಿಗೆ ಸರಿಸಿ, ನಾಲ್ಕೂವರೆಗೆ ಹಿಂಬಾಗಿಲಿನಿಂದ ಕಾರು ಹತ್ತಿದ್ದಳು.

“ಆವತ್ತು ನೀನು ಬಂದಿದ್ದೆ,” ಎಂದಳು ತಲೆ ತಗ್ಗಿಸಿಕೊಂಡು. “ಚೀಟಿ ನನ್ನ ಕೈಗೆ ಬಂದಿತ್ತು. ನೋಡಿದ್ದೆ.”

“ಗೊತ್ತು.”

“ಹೇಗೆ ಗೊತ್ತು?”

“ನಾನು ಅಂತ ನೋಡದೇ ಇದ್ದಿದ್ದರೆ ಸರದಿ ಬಂದಾಗ ಎಲ್ಲರ ಹಾಗೆ ನೀನು ಕರೀತಿದ್ದೆ. ಕರೀಲಿಲ್ಲ ಅಂದರೆ ನೋಡಿದ್ದೀಯ ಅಂತಲೇ ಅರ್ಥ.” ನಾಲ್ಕು, ಪೊಟ್ಟಣಕ್ಕೆ ಸುತ್ತಿದ ದಾರವನ್ನು ಹಲ್ಲಿನಿಂದ ಕಡಿದಳು. “ನಾಲ್ಕು ಗಂಟೆ ಕೂತಿದ್ದೆ. ನಿನ್ನ ಕಚೇರಿಯ ಬೆಂಚು ಚೆನ್ನಾಗಿದೆ ಬಿಡು, ಬೆನ್ನಿಗೆ ಆಸರೆ ಇದೆ.”

ಆಕೆ ನಗಲಿಲ್ಲ. “ಆಮೇಲೆ ಏನಾಯಿತು?”

“ಏನಾಗುತ್ತೆ? ನಮ್ಮ ಯಜಮಾನರು ಹಾಸಿಗೆ ಹಿಡಿದಿದ್ದರು. ಮಗಳು ನರ್ಸು, ಅವಳನ್ನ ಎಲ್ಲೋ ಗಡಿಯ ಹತ್ತಿರದ ಆಸ್ಪತ್ರೆಗೆ ಹಾಕಿದ್ದರು. ಒಂದು ವರ್ಷ ಇಲ್ಲಿರಲಿ ಅಂತ ಕೇಳೋಕೆ ಬಂದಿದ್ದೆ. ಬರೀ ನಿನ್ನ ಮುಖ ನೋಡೋಕೆ ಬಂದಿದ್ದೆ ಅಂತ ಸುಳ್ಳು ಹೇಳಲ್ಲ. ಐದು ತಿಂಗಳಿಗೆ ಇವರು ಹೋದರು. ಮಗಳು ಮರುದಿನ ಮಧ್ಯಾಹ್ನ ಬಂದಳು. ಅಷ್ಟು ಹೊತ್ತಿಗೆ ಎಲ್ಲ ಮುಗಿದಿತ್ತು.”

ಹೊರಗೆ ಯಾರೋ ಹೂಕುಂಡಗಳನ್ನು ನೆಲಕ್ಕೆ ಉಜ್ಜುತ್ತಾ ಎಳೆಯುತ್ತಿದ್ದರು.

“ನಾನು ಪತ್ರ ಕಳಿಸಿದ್ದೆ,” ಎಂದಳು ಆಕೆ.

“ಬಂತು, ಬಂತು. ‘ನಿಮ್ಮ ಪೂಜ್ಯ ತಂದೆಯವರ ಅಗಲಿಕೆಯಿಂದ ಅತೀವ ದುಃಖವಾಗಿದೆ.’ ಕೆಳಗೆ ನಿನ್ನ ರುಜು.”

“ಏನು? ತಂದೆಯವರ?”

“ತಂದೆಯವರ! ನಮ್ಮಪ್ಪ ಸತ್ತು ಆಗಲೇ ಇಪ್ಪತ್ತು ವರ್ಷ. ಮನೆ ತುಂಬ ಜನ, ನಾನು ಅಳುತ್ತಾ ಕೂತಿದ್ದೀನಿ, ಮಗಳು ಜೋರಾಗಿ ಓದಿಬಿಟ್ಟಳು. ನಗು ತಡೆಯೋಕಾಗಲಿಲ್ಲ ಕಣೇ. ಜನ ಏನಂದುಕೊಂಡರೋ!” ನಾಲ್ಕಿಗೆ ಈಗಲೂ ನಗು ಬಂತು. ಹೊಟ್ಟೆ ಹಿಡಿದುಕೊಂಡು, ಕಣ್ಣು ಒರೆಸಿಕೊಳ್ಳುತ್ತಾ ನಕ್ಕಳು. ಆ ನಗು ಅಂಟುಜಾಡ್ಯದಂತೆ ಆಕೆಗೂ ತಗುಲಿತು. ನಗುತ್ತಿರುವಾಗಲೇ ಅಳು ಬಂದು, ಆಕೆ ಪತ್ರಿಕೆಯ ಹಾಳೆಯನ್ನು ಮುಖಕ್ಕೆ ಒತ್ತಿ ಹಿಡಿದಳು. ನಲವತ್ತು ವರ್ಷದಲ್ಲಿ ಯಾರೆದುರೂ ಅತ್ತವಳಲ್ಲ. ನಾಲ್ಕು ಆಕೆಯ ಬೆನ್ನು ಸವರಲಿಲ್ಲ, ಸಮಾಧಾನವನ್ನೂ ಹೇಳಲಿಲ್ಲ. ಆಕೆಯ ಪಾಲಿನ ಸ್ಮರಣಿಕೆಗಳನ್ನೂ ತನ್ನ ಕಡೆಗೆ ಎಳೆದುಕೊಂಡು ಸುತ್ತುತ್ತಲೇ ಇದ್ದಳು.

“ಕೋಪ ಇತ್ತು,” ಎಂದಳು ಕೊನೆಗೆ. “ಎರಡು ಚುನಾವಣೆಯಲ್ಲಿ ನಿನಗೆ ವೋಟು ಹಾಕಲಿಲ್ಲ. ನೀನು ಎರಡರಲ್ಲೂ ಗೆದ್ದೆ. ಈ ಸಲ ಹೋಗಲಿ ಪಾಪ ಅಂತ ಹಾಕಿದೆ. ಸೋತೆ ನೋಡು.”

ಆಕೆ ಹಾಳೆ ಸರಿಸಿದಳು. ಅಚ್ಚಿನ ಮಸಿ ಕೆನ್ನೆಗೆ ಅಂಟಿತ್ತು. “ಮಗಳಿಗೆ ನನ್ನ ಮೇಲೆ…”

“ಅವಳ ಮನಸ್ಸಿನಲ್ಲಿರೋದು ಅವಳದು. ಅದನ್ನ ನಾನು ಹೇಳೋಕಾಗಲ್ಲ. ರಜೆಗೆ ಬಂದಿದ್ದಾಳೆ, ಮನೆಯಲ್ಲಿದ್ದಾಳೆ. ಊಟಕ್ಕೆ ಬಾ, ನೀನೇ ಕೇಳು. ನಾನು ಕರೆದುಕೊಂಡು ಹೋಗೋಕೇ ಬಂದಿರೋದು.”

“ಅವಳು ಮಾತಾಡದಿದ್ದರೆ?”

“ಮಾತಾಡದಿದ್ದರೆ ಸುಮ್ಮನೆ ಊಟ ಮಾಡು. ಸುಮ್ಮನೆ ಕೂರೋದು ನಮಗೇನು ಹೊಸದಾ?”

ಆಕೆ ಗೋಡೆಯ ಕಡೆ ತಿರುಗಿದಳು. ಚಿತ್ರಪಟಗಳನ್ನು ಇಳಿಸಿದ ಜಾಗದಲ್ಲೆಲ್ಲ ಬೆಳ್ಳಗಿನ ಚೌಕಗಳಿದ್ದವು. “ನಾಲ್ಕು, ಇನ್ನೊಂದು ಮಾತಿದೆ. ಆವತ್ತು ಎಕ್ಸ್‌ಚೇಂಜಿನಲ್ಲಿ ಮೊದಲು ತೆಗೆದವಳು ನೀನು. ನಾನು ಎಲ್ಲ ಕಡೆ…”

“ಕೇಳಿದ್ದೀನಿ, ರೇಡಿಯೋದಲ್ಲಿ. ಎರಡು ಸಲ.” ನಾಲ್ಕು ತನ್ನ ಮೊಣಕಾಲಿಗೆ ಕೈ ಊರಿ ಎದ್ದಳು. “ತೆಗೆದೆನೇನೋ ಸರಿ. ಆಮೇಲೆ ಏನು ಹೇಳಬೇಕು ಅಂತಲೇ ಗೊತ್ತಿರಲಿಲ್ಲ. ನೀನು ಎದ್ದು ನಿಂತೆಯಲ್ಲ, ಆಗ ಉಸಿರು ಬಂತು. ಏಳು, ಮುಖ ತೊಳೆದುಕೋ. ಮಸಿ ಬಳಿದುಕೊಂಡಿದ್ದೀಯ.”

ಗುಮಾಸ್ತನ ಪಟ್ಟಿಗೆ ಆಕೆ ರುಜು ಹಾಕಿದಳು. ಹೆಸರಿನ ಕೆಳಗೆ ‘ಮಂತ್ರಿ’ ಎಂದು ಬರೆಯಲು ಹೊರಟ ಕೈ ತಡೆದು ನಿಂತಿತು. ಅಲ್ಲಿ ತಾರೀಖು ಬರೆದಳು. ವ್ಯಾನು ಬಂದರೆ ಸಾಮಾನು ಹೇರಿಸಿ ಕಳಿಸಲು ಕಾವಲಿನವನಿಗೆ ಹೇಳಿದಳು. ಕಾರು ಹೋದ ವಾರವೇ ವಾಪಸಾಗಿತ್ತು. ಇಬ್ಬರೂ ನಡೆದೇ ಹೊರಟರು.

ಬಸ್‌ಸ್ಟಾಪು ರಸ್ತೆಯ ಆಚೆ ಬದಿಯಲ್ಲಿತ್ತು. ಮಧ್ಯಾಹ್ನದ ವಾಹನಗಳು ಒಂದರ ಬಾಲ ಒಂದು ಹಿಡಿದಂತೆ ಹೋಗುತ್ತಿದ್ದವು. ಆಕೆ ಪಾದಚಾರಿ ದಾರಿಯ ಅಂಚಿನಲ್ಲಿ ನಿಂತುಬಿಟ್ಟಳು. ಎಷ್ಟೋ ವರ್ಷಗಳಿಂದ ಆಕೆ ಯಾವ ರಸ್ತೆಯನ್ನೂ ನಡೆದು ದಾಟಿರಲಿಲ್ಲ. ಆಕೆಯ ಕಾರು ಬಂದರೆ ಪೊಲೀಸಿನವನು ಕೈ ಚಾಚಿ ಉಳಿದವರನ್ನೆಲ್ಲ ನಿಲ್ಲಿಸುತ್ತಿದ್ದ. ಒಂದು ಹೆಜ್ಜೆ ಇಳಿದಳು, ಸ್ಕೂಟರೊಂದು ಹಾರ್ನು ಹೊಡೆಯಿತು, ಹಿಂದಕ್ಕೆ ಹತ್ತಿದಳು.

“ಬಾ,” ಎಂದು ನಾಲ್ಕು ಆಕೆಯ ಕೈ ಹಿಡಿದಳು. “ನಾನು ಹೇಳೋವರೆಗೂ ಓಡಬೇಡ. ಓಡಿದರೆ ನನ್ನ ಮೊಣಕಾಲು ಕೇಳಲ್ಲ. ಇರು… ಇರು… ಹಾಂ, ಈಗ.”

ಅರ್ಧ ರಸ್ತೆ ದಾಟಿದರು. ನಡುವೆ ಗೇಣು ಅಗಲದ ಕಟ್ಟೆ. ಅದರ ಮೇಲೆ ಇಬ್ಬರೂ ಅಡ್ಡಡ್ಡ ಪಾದ ಇಟ್ಟು ನಿಂತರು. ಬೆನ್ನ ಹಿಂದೊಂದು ಲಾರಿ, ಎದುರಿಗೊಂದು ಬಸ್ಸು, ಬಿಸಿಗಾಳಿಗೆ ಇಬ್ಬರ ಬಿಳಿಕೂದಲೂ ಎದ್ದು ಹಾರಿತು. ಬಸ್ಸಿನ ಕಿಟಕಿಯಿಂದ ಒಂದು ಮಗು ಬೆರಳು ಚೀಪುತ್ತಾ ಇವರನ್ನೇ ನೋಡುತ್ತಾ ಹೋಯಿತು.

“ಈಗ ಹೋಗೋಣವಾ?” ಎಂದಳು ಆಕೆ.

“ಇನ್ನೂ ಇಲ್ಲ,” ಎಂದಳು ನಾಲ್ಕು, ರಸ್ತೆಯ ಕಡೆಯಿಂದ ಕಣ್ಣು ಕೀಳದೆ. “ಗಟ್ಟಿಯಾಗಿ ಹಿಡಿದುಕೊಂಡಿರು.”