ಹದಿನೇಳನೇ ನಂಬರಿನ ಗ್ಯಾಸ್ ಮಾಸ್ಕು

ಏಳನೆಯ ದಿನದ ಊಟ ಉಂಡು ನೆಂಟರೆಲ್ಲ ಹೊರಟುಹೋದ ಮರುದಿನ ಬೆಳಿಗ್ಗೆ ಮಕ್ಪಾಲ್ ಎಂದಿನಂತೆ ಆರೂವರೆಗೆ ಎದ್ದು, ಎಂದಿನಂತೆ ಎರಡು ಬಟ್ಟಲಿಗೆ ಹಾಲು ಬೆರೆಸಿದ ಚಹಾ ಬಗ್ಗಿಸಿದಳು. ಎರಡನೆಯದನ್ನು ಅತ್ತೆ ಕುಲ್ಪಾಶ್ ಎತ್ತಿಕೊಂಡು ಕುಡಿದಳು. ಮಗನನ್ನು ಕಳೆದುಕೊಂಡ ಆ ಹೆಂಗಸು ಅತ್ತು ಅತ್ತು ಗಂಟಲು ಕಟ್ಟಿಸಿಕೊಂಡಿದ್ದಳು. ಮಕ್ಪಾಲ್‌ಗೆ ಇನ್ನೂ ಅಳು ಬಂದಿರಲಿಲ್ಲ. ಬಂದುಹೋದ ಹೆಂಗಸರು ಅದನ್ನೊಂದು ಸುದ್ದಿ ಮಾಡಿ ಊರಿಗೆ ಒಯ್ದಿದ್ದರು.

ಮನೆಯ ಮೂರು ಕಿಟಕಿಗಳಲ್ಲಿ ಎರಡಕ್ಕೆ ಹೊಸದಾಗಿ ಬಿಳಿ ಬಣ್ಣ ಬಳಿದಿತ್ತು. ಮೂರನೆಯದು ಹಾಗೇ ಉಳಿದಿತ್ತು.

ಏಳು ಗಂಟೆಗೆ ಬಾಗಿಲು ಬಡಿದವನು ರುದೋಲ್ಫ್ ಕಾರ್ಲೊವಿಚ್, ಮಂಜಿನ ಮೇಲೆ ಹಾಕಿ ಆಟ ನಡೆಯುವ ಊರಿನ ಹಿಮ ಅರಮನೆಯ ಯಂತ್ರದ ಕೋಣೆಗೆ ಮೇಸ್ತ್ರಿ. ಮಕ್ಪಾಲ್‌ಳ ಗಂಡ ಯೆರ್ದೆನ್ ಒಂಬತ್ತು ವರ್ಷ ಅವನ ಕೈಕೆಳಗೆ ದುಡಿದಿದ್ದ. ಮುದುಕನ ಒಂದು ಕೈಯಲ್ಲಿ ಟೋಪಿ, ಇನ್ನೊಂದರಲ್ಲಿ ಬಿಸಿ ಬ್ರೆಡ್ಡು.

"ಮಗಾ, ನಿನ್ನ ಮನೇಲಿ ನನ್ನದೊಂದು ವಸ್ತು ಉಳಿದಿದೆ."

"ಗೊತ್ತು, ರುದೋಲ್ಫ್ ಕಾರ್ಲೊವಿಚ್. ಬಚ್ಚಲಲ್ಲಿ ನೇತುಹಾಕಿದೀನಿ."

ಹಾಕಿ ಆಡುವ ಮಂಜನ್ನು ಹೆಪ್ಪುಗಟ್ಟಿಸುವುದು ಅಮೋನಿಯಾ. ಅದು ಸೋರಿದರೆ ಉಸಿರು ಕಟ್ಟುತ್ತದೆ, ಆದ್ದರಿಂದ ಯಂತ್ರದ ಕೋಣೆಯ ಗೂಟಗಳಲ್ಲಿ ನಾಲ್ಕು ಮಾಸ್ಕು ತೂಗಬೇಕೆಂದು ಕಾನೂನು. ಅವುಗಳಲ್ಲಿ ಮೂರು ಬರೀ ಲೆಕ್ಕದ ಕಾಗದದಲ್ಲಿ ತೂಗುತ್ತಿದ್ದವು. ನಾಲ್ಕನೆಯದು, ಹದಿನೇಳನೇ ನಂಬರಿನದು, ನಿಜವಾಗಿ ಇತ್ತು, ಮೇಸ್ತ್ರಿಯ ಹೆಸರಿನಲ್ಲಿ. ಯೆರ್ದೆನ್ ಎರಡು ದಿನದ ಮಟ್ಟಿಗೆ ಎಂದು ಅದನ್ನು ಕೇಳಿ ಮನೆಗೆ ತಂದಿದ್ದ. ಕಿಟಕಿಗೆ ಬಳಿಯುತ್ತಿದ್ದ ಬಣ್ಣದ ವಾಸನೆಗೆ ಮಕ್ಪಾಲ್‌ಗೆ ತಲೆ ಸಿಡಿಯುತ್ತಿತ್ತು. ತಂದುಕೊಡು ಎಂದವಳು ಅವಳೇ.

"ಹನ್ನೊಂದು ವರ್ಷದಿಂದ ಜೇಡನಿಗೆ ಮನೆಯಾಗಿದೆ. ಎರಡು ದಿನ ನಿನ್ನ ಮೂಗಿಗಾದರೂ ಆಗಲಿ" ಎಂದು ಯೆರ್ದೆನ್ ನಕ್ಕಿದ್ದ.

ಎರಡನೆಯ ದಿನ ಕೊಳವೆ ಒಡೆಯಿತು. ಮಂಜಿನ ಮೇಲೆ ಐವತ್ತೆರಡು ಮಕ್ಕಳಿದ್ದರು. ಯೆರ್ದೆನ್ ಟವೆಲು ಒದ್ದೆ ಮಾಡಿ ಮುಖಕ್ಕೆ ಸುತ್ತಿಕೊಂಡು ಒಳಗೆ ಹೋಗಿ ತಿರುಪು ಮುಚ್ಚಿದ. ಮಕ್ಕಳು ಹೊರಗೆ ಬಂದರು. ಅವನು ಬರಲಿಲ್ಲ.

"ಇವತ್ತು ಹತ್ತು ಗಂಟೆಗೆ ತನಿಖೆಯವರು ಬರ್ತಾರೆ" ಎಂದ ರುದೋಲ್ಫ್. "ಗೂಟದಲ್ಲಿ ಅದಿಲ್ಲ ಅಂದ್ರೆ ನನ್ನನ್ನ ಒಳಗೆ ತಳ್ತಾರೆ. ಅರವತ್ತೆರಡು ವರ್ಷ ನನಗೆ."

"ಇದ್ದರೆ?"

ಮುದುಕ ಬ್ರೆಡ್ಡನ್ನು ಅವಳ ಕೈಗೆ ಕೊಟ್ಟ. "ಇದ್ದರೆ... ಇದ್ದೂ ಹಾಕ್ಕೊಳ್ಳದೆ ಹೋದ ಅಂತ ಬರೀತಾರೆ. ಸತ್ತವನಿಗೆ ಇನ್ನೇನಾಗಬೇಕು ಮಗಾ? ಬದುಕಿರೋನು ನಾನು."

ಒಳಗಿನಿಂದ ಕುಲ್ಪಾಶ್ ಬಂದಳು. ಅವಳಿಗೆ ಕೇಳಿಸಿದ್ದು ಅರ್ಧ, ಅದೂ ಮೊದಲರ್ಧ.

"ನನ್ನ ಮಗ ಎರವಲು ತಂದಿದ್ದನಾ? ಗೋರಿ ಹತ್ತಿರ ಮುಲ್ಲಾ ಮೂರು ಸಲ ಕೂಗಿ ಕೇಳಿದರಲ್ಲ, ಇವನಿಂದ ಯಾರಿಗಾದರೂ ಏನಾದರೂ ಬರಬೇಕಾ ಅಂತ! ಆಗ ಬಾಯಿಗೆ ಬೀಗ ಹಾಕ್ಕೊಂಡಿದ್ದಿರಾ?"

"ನಿಮ್ಮ ಪದ್ಧತಿ ನನಗೇನು ಗೊತ್ತು, ಕುಲ್ಪಾಶ್. ನಾನು ಜರ್ಮನ್ ಕುಲದವನು."

"ಮೂವತ್ತು ವರ್ಷದಿಂದ ನಮ್ಮನೆ ಕುದುರೆ ಮಾಂಸ ತಿಂತಿದೀರ. ಆ ಪದ್ಧತಿ ಚೆನ್ನಾಗಿ ಗೊತ್ತಾಗಿತ್ತು!" ಅತ್ತೆ ಸೊಸೆಯ ಕಡೆ ತಿರುಗಿದಳು. "ಕೊಟ್ಟುಬಿಡು ತಾಯಿ. ಇವತ್ತೇ ಕೊಡು. ಎರವಲು ಉಳಿದರೆ ಅವನು ಅಲ್ಲಿ ಬೆನ್ನು ನೆಲಕ್ಕೆ ಹಾಕಲ್ಲ. ಆದರೆ ಹೀಗೆ ಬಾಗಿಲ ಸಂದಿಯಲ್ಲಿ ಕಳ್ಳಮಾಲಿನ ಹಾಗಲ್ಲ. ಸತ್ತವನ ಎರವಲನ್ನ ಕೊಟ್ಟವನ ಕೈಗೇ ಕೊಡಬೇಕು, ನಾಲ್ಕು ಜನ ನೋಡಬೇಕು. 'ಸೇರಿತು' ಅಂತ ಅವನ ಬಾಯಲ್ಲೇ ಬರಬೇಕು."

"ಅರಮನೆಗೇ ತರ್ತೀನಿ, ರುದೋಲ್ಫ್ ಕಾರ್ಲೊವಿಚ್. ಹತ್ತರೊಳಗೆ" ಎಂದಳು ಮಕ್ಪಾಲ್.

"ಬಣ್ಣ ಮೆತ್ತಿದೆಯಾ?"

"ಮೆತ್ತಿದೆ."

"ಪೆಟ್ರೋಲಿನಲ್ಲಿ ಒರೆಸ್ತೀನಿ ಬಿಡು. ಹಿಂದಿನ ಬಾಗಿಲಿಂದ ಬಾ ಮಗಾ." ಅವನು ಅವಳ ತಲೆ ಸವರಿ ಇಳಿದುಹೋದ. ಆ ಕೈಗೆ ಒಂಬತ್ತು ವರ್ಷದಿಂದ ಅವಳು ಎಷ್ಟೋ ಸಲ ಚಹಾ ಕೊಟ್ಟಿದ್ದಳು. ಕೊಟ್ಟುಬಿಡುವುದು ಎಂದುಕೊಂಡೇ ಅವಳು ಮಾಸ್ಕನ್ನು ಚೀಲಕ್ಕೆ ಹಾಕಿದಳು.

ಮಕ್ಪಾಲ್ ಇತಿಹಾಸ ಓದಿದವಳು. ಅರಮನೆಯ ಮೆಟ್ಟಿಲಾಸನಗಳ ಕೆಳಗೆ ಒಂದು ಸಣ್ಣ ವಸ್ತುಸಂಗ್ರಹದ ಕೋಣೆಯಿತ್ತು. ಅದರ ಬೀಗದ ಕೈ ಅವಳದು. ಶನಿವಾರ ಅರಮನೆಗೆ ಐವತ್ತು ತುಂಬುತ್ತಿತ್ತು. ಗೋಡೆಯ ಫಲಕಗಳನ್ನೆಲ್ಲ ಯೆರ್ದೆನ್ ಇದ್ದಾಗಲೇ ಅವಳು ಬರೆದು ಮುಗಿಸಿದ್ದಳು. ಸೀಸದ ಕಾರ್ಖಾನೆಯ ಆಳುಗಳು ರಜೆಯ ದಿನಗಳಲ್ಲಿ ಬಿಟ್ಟಿ ಇಟ್ಟಿಗೆ ಹೊತ್ತು ಇದನ್ನು ಕಟ್ಟಿದ್ದು. ಮೊದಲ ಪಂದ್ಯದಲ್ಲಿ ಊರಿನ ಹುಡುಗರು ಹನ್ನೊಂದು ಗೋಲು ಹೊಡೆಸಿಕೊಂಡು ಸೋತಿದ್ದು. ಕರೆಂಟಿಲ್ಲದ ಎರಡು ಚಳಿಗಾಲ ಮಂಜು ಕರಗಿಹೋಗಿ, ಅದರ ಜಾಗದಲ್ಲಿ ಹಲಗೆ ಹಾಸಿ ಸಂತೆ ನಡೆದದ್ದು. ಆಗ ಕುಲ್ಪಾಶ್ ಅಂಗಳದ ನಡುವಿನ ಕೆಂಪು ಗೆರೆಯ ಮೇಲೆ ಕೂತು ಕಾಲುಚೀಲ ಮಾರುತ್ತಿದ್ದಳು, ಪಕ್ಕದಲ್ಲಿ ರಟ್ಟಿನ ಪೆಟ್ಟಿಗೆಯೊಳಗೆ ಯೆರ್ದೆನ್ ಮಲಗಿರುತ್ತಿದ್ದ. ಇರ್ತಿಶ್ ನದಿ ಉಕ್ಕಿದ ವರ್ಷ ನಾನೂರು ಜನ ಇಲ್ಲೇ ಮಲಗಿದ್ದರು. ಸರ್ಕಸ್ಸಿನ ಕರಡಿ ಜಾರಿಬಿದ್ದು ಸೊಂಟ ಮುರಿದುಕೊಂಡದ್ದೂ ಇಲ್ಲೇ. ಮದುವೆ, ಮತದಾನ, ಕುಸ್ತಿ, ಭಾಷಣ, ಎಲ್ಲಕ್ಕೂ ಈ ಸೂರೇ ಆಗಿತ್ತು. ಕೊನೆಯ ಫಲಕದಲ್ಲಿ ಅವಳದೇ ಕೈಬರಹ: ಐವತ್ತು ವರ್ಷದಲ್ಲಿ ಈ ಸೂರಿನಡಿ ಒಂದೂ ಜೀವಹಾನಿಯಾಗಿಲ್ಲ.

ಆ ಫಲಕದ ಕೆಳಗೇ ನಿರ್ದೇಶಕ ತಲ್ಗಾತ್ ಸೆಯ್ತೊವಿಚ್ ಕಾದು ಕೂತಿದ್ದ. ಮಣ್ಣಿನ ದಿನ ಹೆಣಕ್ಕೆ ಮೊದಲು ಹೆಗಲು ಕೊಟ್ಟವನು ಅವನು.

"ಬಾ ತಂಗಿ. ಒಂದು ಸಹಿ ಬೇಕಿತ್ತು. ನಿನಗೆ ತಕರಾರಿಲ್ಲ ಅಂತ."

ಅವಳು ಓದಿದಳು. ಆ ದಿನ ಬೆಳಿಗ್ಗೆ ಯೆರ್ದೆನ್ ಕಾಲು ನೆಟ್ಟಗೆ ನಿಲ್ಲದಷ್ಟು ಕುಡಿದಿದ್ದ, ಬಾಯಿಂದ ವೋಡ್ಕಾ ವಾಸನೆ ಹೊಡೆಯುತ್ತಿತ್ತು, ಮಾಸ್ಕು ತಗೋ ಎಂದರೂ ತಳ್ಳಿ ನುಗ್ಗಿದ. ಕಣ್ಣಾರೆ ಕಂಡ ಸಾಕ್ಷಿ: ಮೇಸ್ತ್ರಿ ರುದೋಲ್ಫ್. ಸಹಿಯ ಕೆಳಗಿದ್ದ ತಾರೀಖು ಮಣ್ಣು ಮಾಡಿದ ದಿನದ್ದು.

"ಅವನು ಹಬ್ಬಕ್ಕೂ ಕುಡಿದವನಲ್ಲ. ಹೊಟ್ಟೆಹುಣ್ಣಿತ್ತು."

"ನನಗೆ ಗೊತ್ತಿಲ್ವಾ ತಂಗಿ? ಆದರೆ ಕಾಗದಕ್ಕೆ ಹೊಟ್ಟೆ ಇರಲ್ಲ" ಎಂದು ತಲ್ಗಾತ್ ನಕ್ಕ. "ಓದಿದವಳು ನೀನು, ಅರ್ಥ ಮಾಡ್ಕೋ. ಕುಡುಕ ಸತ್ತರೆ ಅದು ಅವನ ಹಣೆಬರಹ. ಕುಡಿಯದವನು ಸತ್ತರೆ ಅರಮನೆಗೆ ಬೀಗ. ಆಮೇಲೆ ಈ ಕೋಣೆ ಎಲ್ಲಿ, ನಿನ್ನ ಕೆಲಸ ಎಲ್ಲಿ? ಇಷ್ಟು ಚೆನ್ನಾಗಿ ಫಲಕ ಬರೆದಿದೀಯ. ಸುಳ್ಳು ಮಾಡಬೇಡ ಅದನ್ನ."

"ಆಮೇಲೆ ಮಾಡ್ತೀನಿ ಸಹಿ" ಎಂದಳು.

"ಜಾಣೆ. ಮಾಸ್ಕನ್ನ ಮೇಸ್ತ್ರಿ ಕೈಗೆ ಮುಟ್ಟಿಸಿಬಿಡು ಮತ್ತೆ."

ಹಿಂದಿನ ಬಾಗಿಲಿಗೆ ಹೋಗಿ ಕೊಟ್ಟುಬರಲು ಇನ್ನೂ ಹೊತ್ತಿತ್ತು. ರುದೋಲ್ಫ್ ಅಲ್ಲಿ ಪೆಟ್ರೋಲಿನ ಚಿಂದಿ ಹಿಡಿದು ನಿಂತಿರುತ್ತಾನೆಂದು ಅವಳಿಗೆ ಗೊತ್ತಿತ್ತು. ಅವಳು ಕುರ್ಚಿಯಲ್ಲಿ ಕೂತು ಹತ್ತು ಹೊಡೆಯುವವರೆಗೆ ಕಾದಳು. ಕಣ್ಣು ಒಣಗಿಯೇ ಇತ್ತು.

ತನಿಖೆಯವರು ಮೂವರು. ಅವರ ಮುಖ್ಯಸ್ಥೆ ದಪ್ಪ ಕನ್ನಡಕದ ಹೆಂಗಸು. ಅಂಗಳದ ಬೇಲಿಯ ಪಕ್ಕ ತಲ್ಗಾತ್ ಅವರಿಗೆ ಸೂರು ತೋರಿಸುತ್ತಿದ್ದ. ಹಿಂದೆ ರುದೋಲ್ಫ್, ಬೆವರಿದ ಮುಖ. ಕೊಳವೆಗೆ ತೇಪೆ ಹಾಕಿದ್ದರು, ಮಕ್ಕಳು ಮತ್ತೆ ಆಡುತ್ತಿದ್ದರು, ಆಸನಗಳಲ್ಲಿ ತಾಯಂದಿರು ಕೂತಿದ್ದರು. ಮಕ್ಪಾಲ್ ಮುಂದಿನ ಬಾಗಿಲಿನಿಂದಲೇ ಬಂದಳು. ಅವಳನ್ನು ಕಂಡು ರುದೋಲ್ಫ್ ಗಾಬರಿಯಿಂದ ತಲೆಯಾಡಿಸಿದ.

ಅವಳು ಚೀಲದಿಂದ ಮಾಸ್ಕು ತೆಗೆದು, ಎರಡೂ ಕೈಯಲ್ಲಿ ಹಿಡಿದು ಅವನೆದುರು ಚಾಚಿದಳು. ಕಪ್ಪು ರಬ್ಬರಿನ ಮೇಲೆ ಬಿಳಿ ಚುಕ್ಕೆಗಳು.

"ರುದೋಲ್ಫ್ ಕಾರ್ಲೊವಿಚ್, ನನ್ನ ಗಂಡ ಮೂರನೇ ತಾರೀಖು ಇದನ್ನ ನಿಮ್ಮ ಹತ್ತಿರ ಎರವಲು ತಂದಿದ್ದ. ಎರಡು ದಿನ ಅಂದದ್ದು ಎಂಟು ದಿನ ಆಯಿತು. ಕ್ಷಮಿಸಿ."

ಮುಖ್ಯಸ್ಥೆ ಕನ್ನಡಕ ಸರಿಮಾಡಿಕೊಂಡಳು. "ಕೊಳವೆ ಒಡೆದದ್ದು ನಾಲ್ಕನೇ ತಾರೀಖಲ್ವಾ? ಆ ದಿನ ಇದು ಎಲ್ಲಿತ್ತಮ್ಮ?"

"ನನ್ನ ಮುಖದ ಮೇಲೆ. ಕಿಟಕಿಗೆ ಬಣ್ಣ ಬಳೀತಿದ್ದೆ."

"ಗಂಡ ಸತ್ತು ತಲೆ ಕೆಟ್ಟಿದೆ ಪಾಪ" ಎಂದ ತಲ್ಗಾತ್. "ತಂಗಿ, ನಡಿ, ಮನೆಗೆ ಬಿಡಿಸ್ತೀನಿ."

"ಅವನು ಕುಡಿದಿರಲಿಲ್ಲ" ಎಂದಳು ಮಕ್ಪಾಲ್, ಯಾರ ಕಡೆಗೂ ನೋಡದೆ. "ಹೆಂಡತಿ ಮಾತು ಕೇಳಿದ್ದ, ಅಷ್ಟೇ."

"ಹಾಗಾದರೆ ಉಳಿದ ಮೂರು ಎಲ್ಲಿ?" ಮುಖ್ಯಸ್ಥೆ ನಿರ್ದೇಶಕನನ್ನು ಕೇಳಿದಳು.

ರುದೋಲ್ಫ್‌ನ ಕೈ ಮೇಲೇಳಲಿಲ್ಲ. "ನಿನ್ನ ಕಾಲು ಹಿಡೀತೀನಿ ಮಗಾ" ಎಂದು ತುಟಿ ಅಲುಗಿಸಿದ. "ಮೊಮ್ಮಕ್ಕಳಿದಾರೆ ನನಗೆ."

"ತಗೊಳ್ಳಿ. ಕೈ ನೋಯ್ತಿದೆ."

ಮೇಲಿನಿಂದ ಯಾರೋ ಹೆಂಗಸು, ಪದ್ಧತಿ ಬಲ್ಲವಳು, ಕೂಗಿದಳು: "ತಗೊಳ್ರೀ, ಸತ್ತವನ ಎರವಲು ಅದು! ಸೇರಿತು ಅನ್ನಿ!"

ಮುದುಕ ಮಾಸ್ಕನ್ನು ತೆಗೆದುಕೊಂಡ. "ಸೇರಿತು" ಎಂದ.