ಅರವತ್ತು ದಳ

೧೯೫೮ರಲ್ಲಿ ನಾವು ತುಮಕೂರಿನಲ್ಲಿದ್ದೆವು. ಮೊಮ್ಮಗಳು ಶಾರದೆಗೆ ವಿಷಮಶೀತ ಜ್ವರ. ಮಗ ಪಟ್ಟಾಭಿರಾಮ ಔಷಧಿಗಾಗಿ ಬೆಂಗಳೂರಿಗೆ ಹೋಗಿದ್ದ. ಮಗು ಉಳಿದರೆ ಸಾಕೆಂದು, ದ್ವಾದಶಿಯ ದಿನ ಮೂರು ಸಾವಿರ ತುಳಸಿ ದಳದಿಂದ ಮೂರು ಆವೃತ್ತಿ ಸಹಸ್ರನಾಮಾರ್ಚನೆ ಮಾಡುವುದಾಗಿ ನಾನು ಹರಕೆ ಹೊತ್ತಿದ್ದೆ.

ದ್ವಾದಶಿಯಂದು ತುಳಸಿ ಕೀಳಬಾರದು. ಅದಕ್ಕೇ ಹೂವಿನ ರಂಗಮ್ಮ ದಶಮಿಯಂದೇ ನೂರು ನೂರು ದಳದ ಮೂವತ್ತು ಪೊಟ್ಟಣ ಕಟ್ಟಿ ತಂದುಕೊಟ್ಟಿದ್ದಳು.

ಬೆಳಿಗ್ಗೆ ಪೂಜೆಗೆ ಕೂರುವಾಗ ಸೊಸೆ ತುಳಸಮ್ಮ ಬಾಗಿಲ ಬಳಿ ನಿಂತಳು.

"ಮಾವ, ರಾತ್ರಿ ಜ್ವರ ಏರಿತ್ತು. ಕತ್ತಲಾದ ಮೇಲೆ ಗಿಡ ಮುಟ್ಟೋ ಹಾಗಿಲ್ಲ. ಕಷಾಯಕ್ಕೆ ಅಂತ ಒಂದೊಂದು ಪೊಟ್ಟಣದಿಂದ ಎರಡೆರಡು ದಳ ತೆಗೆದೆ."

ಉಪವಾಸ, ಜಾಗರಣೆಯಿಂದ ನನ್ನ ತಲೆ ಮಂಕಾಗಿತ್ತು. "ಮೂವತ್ತು ನೂರು ಮೂರು ಸಾವಿರ. ಅದರಲ್ಲಿ ಎರಡು ಕಡಿಮೆ. ಎರಡು ದಳ ಎಲ್ಲಾದರೂ ಸಿಗುತ್ತೆ ಬಿಡಮ್ಮ" ಎಂದೆ.

ಒಳಗಿನ ಹಾಸಿಗೆಯಿಂದ ಶಾರದೆ ನಕ್ಕಳು. "ತಾತ, ನಿಮ್ಮ ಕಾಲದ ಸ್ಕೂಲಲ್ಲಿ ಲೆಕ್ಕಕ್ಕೆ ಆವರಣ ಹಾಕೋದು ಹೇಳಿಕೊಡ್ತಿರಲಿಲ್ವಾ?"

"ನಮಗೆ ಮಗ್ಗಿ ಇತ್ತು ಕಣೇ."

"ಹಾಗಾದರೆ ಮಗ್ಗೀನೇ ಹೇಳಿ. ಪೊಟ್ಟಣಕ್ಕೆ ನೂರರಲ್ಲಿ ಎರಡು ಹೋಯ್ತು. ಮೂವತ್ತರಿಂದ ನೂರನ್ನ ಗುಣಿಸಿದ ಮೇಲೆ ಎರಡನ್ನೂ ಗುಣಿಸಬೇಕಲ್ವಾ? ಮೂರು ಸಾವಿರದಲ್ಲಿ ಅರವತ್ತು ಕಳೀರಿ."

ಎರಡು ಸಾವಿರದ ಒಂಬೈನೂರ ನಲವತ್ತು. ತುಳಸಮ್ಮ ಪೊಟ್ಟಣಗಳನ್ನು ಬಿಚ್ಚಿ ಮತ್ತೆ ಎಣಿಸತೊಡಗಿದಳು.

ನಾನು ರಂಗಮ್ಮನ ಮನೆಗೆ ಓಡಿದೆ. "ದ್ವಾದಶಿ ದಿನ ತುಳಸಿ ಕೇಳ್ತೀರಲ್ಲ ಸ್ವಾಮಿ! ನೀವೇ ಹಿಂಗಂದ್ರೆ ನಾವೆಲ್ಲಿಗೆ ಹೋಗಾನ?" ಎಂದಳು. ಆಮೇಲೆ ನನ್ನ ಮುಖ ನೋಡಿ, "ಮಗಿಗೆ ಜಾಸ್ತಿ ಆಯ್ತಾ?" ಎಂದು ಸೆರಗು ಬಾಯಿಗಿಟ್ಟುಕೊಂಡಳು. ಅವಳ ಬುಟ್ಟಿಯಲ್ಲಿ ಕನಕಾಂಬರ ಮಾತ್ರ ಇತ್ತು.

ಮನೆಗೆ ಬಂದು ಅಂಗಳದ ತುಳಸಿಯ ಮುಂದೆ ನಿಂತೆ. ಗಿಡದ ತುಂಬ ದಳ. ಕಿತ್ತರೆ ಅಪಚಾರ, ಕೀಳದಿದ್ದರೆ ಹರಕೆ ಅಪೂರ್ಣ. ಚಾಚಿದ ಕೈಯನ್ನು ಹಿಂದಕ್ಕೆ ತೆಗೆದುಕೊಂಡೆ.

ಅರ್ಚನೆಗೆ ಕುಳಿತೆ. ಎರಡು ಆವೃತ್ತಿ ಮುಗಿಯಿತು. ಮೂರನೆಯದರಲ್ಲಿ ತಟ್ಟೆ ಬರಿದಾದಾಗ ನಾಮ ಹೇಳುವುದನ್ನು ನಿಲ್ಲಿಸಿದೆ.

"ನಿಲ್ಲಿಸಬೇಡಿ ತಾತ" ಎಂದಳು ಶಾರದೆ. ಆ ದನಿ ತೀರ ಸಣ್ಣಗಾಗಿತ್ತು.

ಉಳಿದ ಅರವತ್ತು ನಾಮಗಳನ್ನು ಬರಿಗೈಯಲ್ಲಿ ಹೇಳಿದೆ. ಒಂದೊಂದು ನಾಮಕ್ಕೂ ಬೆರಳು ದೇವರ ಕಡೆಗೆ ಹೋಗಿ ಏನೂ ಬಿಡದೆ ಹಿಂದಕ್ಕೆ ಬರುತ್ತಿತ್ತು.

ಸಂಜೆ ಪಟ್ಟಾಭಿ ಔಷಧಿ ಹಿಡಿದು ಬರುವಷ್ಟರಲ್ಲಿ ಮಗು ಹೋಗಿತ್ತು.

"ನಾನು ಅದನ್ನ ಮುಟ್ಟದೆ ಇದ್ದಿದ್ದರೆ, ಮಾವ?" ಎಂದು ತುಳಸಮ್ಮ ಇಂದಿಗೂ ಕೇಳುತ್ತಾಳೆ. ದೇವರು ಹಾಗೆ ಲೆಕ್ಕ ಇಡುವವನಲ್ಲಮ್ಮ ಎನ್ನುತ್ತೇನೆ. ಅವಳು ತಲೆಯಾಡಿಸಿ ಒಳಗೆ ಹೋಗುತ್ತಾಳೆ. ನಾನು ದೇವರ ಮುಂದೆ ಕುಳಿತು, ಹೌದೇನಪ್ಪ ಎಂದು ಅವನನ್ನೇ ಕೇಳುತ್ತೇನೆ.